ಮುಂಬೈಲಿ ಕೂತು ಕನ್ನಡದಲ್ಲಿ ಕಲೆಕ್ಷನ್ ಲೆಕ್ಕ ಹೇಳೋದು: ನನ್ನ ಅನುಭವ

ಹಿಂದಿ ಸಿನಿಮಾ ಬಗ್ಗೆ ಕನ್ನಡದಲ್ಲಿ ವಿಡಿಯೋ ಮಾಡ್ತೀನಿ ಅಂದಾಗ ಗೋರೆಗಾಂವ್‌ನಲ್ಲಿ ಕ್ಯಾಂಟೀನ್ ನಡೆಸೋ ನಮ್ಮ ಮಾವನೇ "ಯಾರು ನೋಡ್ತಾರೆ ಮಾರಾಯ, ಹಿಂದೀಲೇ ಮಾಡು" ಅಂದಿದ್ರು. ಮೊದಲೆರಡು ವರ್ಷ ಅವರ ಮಾತೇ ನಿಜ ಅನ್ನಿಸ್ತು. ಎಲ್ಲರ ಹಾಗೆ ಸ್ಟಾರ್ ಮದುವೆ, ಬ್ರೇಕಪ್ಪು ಅಂತ ಜುಹು ವರ್ಸೋವಾ ಸುತ್ತಿದೆ, ರಿಕ್ಷಾಕ್ಕೇ ದಿನಕ್ಕೆ ನಾನೂರು ಐನೂರು, ಚಾನೆಲ್‌ನಿಂದ ತಿಂಗಳಿಗೆ ಸಾವಿರದ ಚಿಲ್ಲರೆ. ಒಂದು ಪೋರ್ಟಲ್‌ಗೆ ಆರು ತಿಂಗಳು ಬರೆದದ್ದಕ್ಕೆ ಸುಮಾರು 40 ಸಾವಿರ ಇವತ್ತಿಗೂ ಬಂದಿಲ್ಲ.

ದೊಡ್ಡ ಪೆಟ್ಟು ಬಿದ್ದದ್ದು ಸಿನಿಮಾದ ಪ್ರಚಾರ ನೋಡ್ಕೊಳ್ಳೋ ಪಿಆರ್‌ನವರು ಕಳಿಸಿದ ಪೋಸ್ಟರ್ ನಂಬಿ ಒಂದು ಸಿನಿಮಾನ ಹಿಟ್ ಅಂದಾಗ. ಟಿಕೆಟ್ ಆಪ್‌ನಲ್ಲಿ ಮುಕ್ಕಾಲು ಸೀಟು ಬುಕ್, ಅಂಧೇರಿಲಿ ಒಳಗೆ ಹೋಗಿ ನೋಡಿದ್ರೆ ಹನ್ನೊಂದೇ ಜನ! ರಾತ್ರಿನೇ ವಿಡಿಯೋ ಡಿಲೀಟ್ ಮಾಡಿ ಕ್ಷಮೆ ಕೇಳಿದೆ. ಅವತ್ತಿಂದ ಆಪ್‌ನ ಸೀಟ್ ಮ್ಯಾಪ್, ಅಂದ್ರೆ ಯಾವ ಸೀಟು ಬುಕ್ ಆಗಿದೆ ಅಂತ ತೋರಿಸೋ ಚಿತ್ರ, ಓದೋದು ಕಲಿತೆ. ನಿಜವಾದ ಜನ ಹಿಂದಿನ ಸಾಲಿಂದ, ಜೋಡಿ ಜೋಡಿಯಾಗಿ, ಮಧ್ಯೆ ಒಂದೊಂದು ಸೀಟು ಬಿಟ್ಟು ತುಂಬ್ತಾರೆ, ಮುಂದಿನ ಸಾಲು ಇಡಿಯಾಗಿ ಒಂದೇ ಸಲ ಬುಕ್ ಆಗಿದ್ರೆ ಅದು ಸಿನಿಮಾದವರೇ ಒಟ್ಟಿಗೆ ಕೊಂಡ ಟಿಕೆಟ್ ಇರಬಹುದು. ಇನ್ನೂ ಎರಡು ಗುರುತಿವೆ, ಅದನ್ನ ಬರೆಯಲ್ಲ, ನನ್ನ ಅನ್ನ ಅದು.

ಗ್ರಾಸ್ (ಟಿಕೆಟ್ ಮಾರಿ ಬಂದ ಪೂರ್ತಿ ದುಡ್ಡು), ನೆಟ್ (ತೆರಿಗೆ ಕಳೆದು ಉಳಿದದ್ದು) ಗೊಂದಲದಲ್ಲೂ ಬೈಸಿಕೊಂಡಿದ್ದೀನಿ. 236 ರೂಪಾಯಿ ಟಿಕೆಟ್ಟಲ್ಲಿ 18% ಜಿಎಸ್‌ಟಿ (200ರ ಮೇಲೆ 36) ಹೋದ್ರೆ ನೆಟ್ 200, ಅದರಲ್ಲಿ ಮಲ್ಟಿಪ್ಲೆಕ್ಸ್‌ನವರು ಮೊದಲ ವಾರ ಅರ್ಧ ಇಟ್ಕೋತಾರೆ. ಪೋಸ್ಟರ್ ಮೇಲಿನ ನೂರು ಕೋಟಿ ಗ್ರಾಸ್ ಅಂದ್ರೆ ವಿತರಕರ ಕೈಗೆ ನಲವತ್ತರ ಆಸುಪಾಸು.

ಮಧ್ಯೆ ಮರಾಠಿ ಸಿನಿಮಾಕ್ಕೂ ಇದೇ ಲೆಕ್ಕ ಹಾಕೋಣ ಅಂತ ದಾದರ್‌ನ ಪ್ಲಾಜಾ ಥಿಯೇಟರ್‌ಗೆ ಹೋದೆ, ಪೂರ್ತಿ ತಪ್ಪಾಯ್ತು, ಅಲ್ಲಿ ಜನ ಕೌಂಟರ್‌ಗೇ ಬಂದು ಟಿಕೆಟ್ ತಗೋತಿದ್ರು, ಆಪ್ ನೋಡಿ ಏನೂ ಹೇಳೋಕಾಗಲ್ಲ. ತುಳುವಲ್ಲೂ ನಾಲ್ಕು ವಿಡಿಯೋ ಮಾಡಿದೆ, ಕಾಮೆಂಟ್ ಚೆನ್ನಾಗಿ ಬಂತು, ದುಡ್ಡು ಬರಲಿಲ್ಲ.

ಆಮೇಲೆ ಬಂತು ಕಾಂತಾರ. 2022 ಅಕ್ಟೋಬರ್ 14ಕ್ಕೆ ಹಿಂದೀಲಿ ರಿಲೀಸ್, ಮೊದಲ ದಿನ ನೆಟ್ ಒಂದೂಕಾಲು ಕೋಟಿ ಅಷ್ಟೇ. ಪರಿಚಯದ ಟ್ರೇಡ್‌ನವರು, ಅಂದ್ರೆ ಸಿನಿಮಾ ವ್ಯಾಪಾರದ ಲೆಕ್ಕ ನೋಡೋರು, "ಮುಗೀತು" ಅಂದ್ರು. ಶನಿವಾರ ಅದರ ಎರಡರಷ್ಟು. ಸೋಮವಾರ ಮಧ್ಯಾಹ್ನ ನಾನು ಅಂಧೇರಿ, ಮಲಾಡ್, ಠಾಣೆ ಮೂರೂ ಕಡೆ ಒಳಗೆ ಕೂತು ತಲೆ ಎಣಿಸಿದೆ. ಕ್ಲೈಮ್ಯಾಕ್ಸ್‌ನಲ್ಲಿ ಗುಳಿಗ ಕೂಗಿದಾಗ ನನ್ನ ಪಕ್ಕದ ಗುಜರಾತಿ ಅಜ್ಜಿ ಸೀಟಿನ ಕೈ ಬಿಗಿಯಾಗಿ ಹಿಡಿದಿದ್ರು, ಒಂದಕ್ಷರ ಕುಂದಾಪ್ರ ಕನ್ನಡ ಗೊತ್ತಿಲ್ಲದವರು. ರಾತ್ರಿ ಮನೆಗೆ ಬಂದು "ಐವತ್ತು ಕೋಟಿ ದಾಟುತ್ತೆ" ಅಂತ ವಿಡಿಯೋ ಹಾಕಿದೆ. ಸೋಮವಾರದ ಕಲೆಕ್ಷನ್ ಶುಕ್ರವಾರಕ್ಕಿಂತ ಜಾಸ್ತಿ ಬಂತು, ಕೊನೆಗೆ ಹಿಂದಿ ಒಂದರಲ್ಲೇ ಎಂಬತ್ತು ಕೋಟಿನೂ ದಾಟ್ತು.

ಆ ತಿಂಗಳು ಚಾನೆಲ್‌ನಿಂದ 60 ಸಾವಿರದ ಹತ್ತಿರ ಬಂತು. ಈಗ ಮಾವನ ಕ್ಯಾಂಟೀನ್‌ಗೆ ಬರೋ ಲೈಟ್‌ಮ್ಯಾನ್‌ಗಳು ಶುಕ್ರವಾರ ನನ್ನ ಲೆಕ್ಕ ಬಂತಾ ಅಂತ ಅವರನ್ನೇ ಕೇಳ್ತಾರೆ.