ಫಾರಂ 10 ಇದೆ, ಗಡಿಕಲ್ಲು ಎಲ್ಲಿ? ಭೂಸುಧಾರಣೆಯಲ್ಲಿ ಬಂದ ಜಮೀನಿಗೆ ಹದ್ದುಬಸ್ತು ಮಾಡಿಸುವುದು ಹೇಗೆ

1974ರ ಭೂಸುಧಾರಣಾ ತಿದ್ದುಪಡಿ ಬಂದಾಗ ಗೇಣಿದಾರರು ಹಕ್ಕು ಕೇಳುವ ಅರ್ಜಿಯಾದ ಫಾರಂ 7 ತುಂಬಿ ಭೂ ನ್ಯಾಯಮಂಡಳಿ ಮುಂದೆ ನಿಂತರು. ಹಕ್ಕು ಸಿಕ್ಕವರಿಗೆ ಫಾರಂ 10, ಅಂದರೆ ಹಕ್ಕುಪತ್ರ, ಬಂತು. ಇನ್ನೊಂದೆಡೆ, ಐದು ಜನರ ಕುಟುಂಬಕ್ಕೆ 10 ಯೂನಿಟ್, ಅಂದರೆ ಡಿ ವರ್ಗದ ಖುಷ್ಕಿ (ಮಳೆ ಆಶ್ರಿತ) ಜಮೀನಾದರೆ 54 ಎಕರೆ ಎಂಬ ಮಿತಿ ದಾಟಿದವರ ಹೆಚ್ಚುವರಿ ಜಮೀನು ಸರ್ಕಾರಕ್ಕೆ ಸೇರಿ ಭೂಹೀನರಿಗೆ ಹಂಚಿಕೆಯಾಯಿತು. ಎರಡೂ ಕಡೆ ಎಷ್ಟೋ ಜನರಿಗೆ ಸಿಕ್ಕಿದ್ದು ಒಂದು ಸರ್ವೆ ನಂಬರಿನ ತುಂಡು. ಪಹಣಿಗೆ ಹೆಸರು ಏರಿತು, ನೆಲದ ಮೇಲೆ ಗೆರೆ ಬೀಳಲಿಲ್ಲ. ಈಗ ಮೊಮ್ಮಕ್ಕಳು ಬದುವಿನ ಮೇಲೆ ನಿಂತು ಜಗಳ ಆಡುತ್ತಿದ್ದಾರೆ.

ಹೆಚ್ಚಿನವರು ನೇರವಾಗಿ ಹದ್ದುಬಸ್ತಿಗೆ ಅರ್ಜಿ ಹಾಕಿಬಿಡುತ್ತಾರೆ. ಹದ್ದುಬಸ್ತು ಎಂದರೆ ದಾಖಲೆಯಲ್ಲಿ ಈಗಾಗಲೇ ಇರುವ ಗಡಿಯನ್ನು ನೆಲದ ಮೇಲೆ ತೋರಿಸುವುದು, ಅಷ್ಟೇ. ನಿಮ್ಮ ತುಂಡಿಗೆ ಪೋಡಿ (ಅಳೆದು ಬೇರೆ ನಂಬರು, ನಕ್ಷೆ ಮಾಡುವುದು) ಆಗದೇ ಇದ್ದರೆ ಅದಕ್ಕೆ ಪ್ರತ್ಯೇಕ ನಕ್ಷೆಯೇ ಇಲ್ಲ. ಭೂಮಾಪಕರು ಇಡೀ ಸರ್ವೆ ನಂಬರಿನ ಹೊರಗಡಿ ತೋರಿಸಿ ಹೋಗುತ್ತಾರೆ. ಮೊದಲು ಪೋಡಿ, ಆಮೇಲೆ ಕಲ್ಲು.

ಶುರು ಮಾಡಬೇಕಾದದ್ದು ತಾಲ್ಲೂಕು ಕಚೇರಿಯ ದಾಖಲೆ ಕೊಠಡಿಯಿಂದ. ನ್ಯಾಯಮಂಡಳಿ ಆದೇಶದ ದೃಢೀಕೃತ ನಕಲು ತೆಗೆಸಿ. ಕಡತದಲ್ಲಿ ಕೈನಕ್ಷೆ ಇದ್ದರೆ ಅದನ್ನೂ ಬಿಡಬೇಡಿ, ನಿಮ್ಮ ತುಂಡು ಪೂರ್ವಕ್ಕೋ ಪಶ್ಚಿಮಕ್ಕೋ ಎಂದು ಹೇಳುವ ಕಾಗದ ಹಲವು ಸಲ ಅದೊಂದೇ. ಹಂಚಿಕೆಯ ಜಮೀನಾದರೆ ಮಂಜೂರಾತಿ ಆದೇಶ ಬೇಕು. ಸರ್ವೆ ಶಾಖೆಯಲ್ಲಿ ಮೂಲ ಟಿಪ್ಪಣಿ (ಹಳೆಯ ಅಳತೆ ಬರೆದಿಟ್ಟ ನಕ್ಷೆ) ಮತ್ತು ಸರ್ವೆ ನಂಬರಿನ ಒಟ್ಟು ವಿಸ್ತೀರ್ಣ ಬರೆದಿರುವ ಆಕಾರ್‌ಬಂದ್ ನಕಲು ಕೇಳಿ.

ಮುಂದಿನ ಕೆಲಸ ಮನೆಯಲ್ಲೇ ಕೂತು ಮಾಡುವ ಲೆಕ್ಕ. ಉದಾಹರಣೆಗೆ, ಆಕಾರ್‌ಬಂದಿನಲ್ಲಿ ಒಟ್ಟು 6 ಎಕರೆ 20 ಗುಂಟೆ, ಅದರಲ್ಲಿ ಖರಾಬು (ಸಾಗುವಳಿಗೆ ಬಾರದ ನೆಲ) 10 ಗುಂಟೆ ಎಂದಿಟ್ಟುಕೊಳ್ಳಿ. ಉಳಿಯುವುದು 6-10, ಅಂದರೆ 6 ಎಕರೆ 10 ಗುಂಟೆ. ಪಹಣಿಯಲ್ಲಿ ನಿಮಗೆ 2-20, ಹಳೆಯ ಒಡೆಯರಿಗೆ 3-30 ಇದ್ದರೆ ತಾಳೆ ಆಯಿತು. ಒಡೆಯರ ಹೆಸರಿನಲ್ಲಿ 4 ಎಕರೆ ಇದ್ದರೆ 10 ಗುಂಟೆ ಹೆಚ್ಚು. ತಾಳೆಯಾಗದ ನಂಬರಿನಲ್ಲಿ ಪೋಡಿ ನಿಂತುಹೋಗುತ್ತದೆ, ಆದ್ದರಿಂದ ತಹಶೀಲ್ದಾರರಲ್ಲಿ ಪಹಣಿ ತಿದ್ದುಪಡಿಗೆ ಮೊದಲೇ ಅರ್ಜಿ ಕೊಡಿ. ವರ್ಷಗಟ್ಟಲೆ ಅಲೆಯುವವರಲ್ಲಿ ಬಹಳ ಜನ ಸಿಕ್ಕಿಕೊಂಡಿರುವುದು ಇಲ್ಲೇ.

ಲೆಕ್ಕ ಸರಿಯಿದ್ದರೆ ನಾಡಕಚೇರಿಯಲ್ಲೋ ಸರ್ವೆ ಇಲಾಖೆಯ ಮೋಜಣಿ ಎಂಬ ಆನ್‌ಲೈನ್ ವ್ಯವಸ್ಥೆಯಲ್ಲೋ ಪೋಡಿಗೆ ಅರ್ಜಿ ಹಾಕಿ, ಶುಲ್ಕ ಕಟ್ಟಿ, ರಸೀದಿ ಇಟ್ಟುಕೊಳ್ಳಿ. ಅಳತೆಯ ದಿನ ತಿಳಿಸಿ ಬಾಜುದಾರರಿಗೆ (ಪಕ್ಕದ ಜಮೀನಿನವರಿಗೆ) ನೋಟಿಸ್ ಹೋಗುತ್ತದೆ. ಹೋಗಿದೆಯೇ ಎಂದು ನೀವೂ ವಿಚಾರಿಸಿ. ನೋಟಿಸ್ ಮುಟ್ಟದ ಬಾಜುದಾರ ನಾಳೆ ತಕರಾರು ಎತ್ತಿದರೆ ಇಡೀ ಅಳತೆ ಮತ್ತೆ ಮೊದಲಿನಿಂದ.

ಪೋಡಿಯಾಗಿ ಹೊಸ ಹಿಸ್ಸಾ (ಉಪವಿಭಾಗದ) ನಂಬರು ಬಂದ ಮೇಲೆ ಹದ್ದುಬಸ್ತಿನ ಸರದಿ. ಅವತ್ತು ಟಿಪ್ಪಣಿ ನಿಮ್ಮ ಕೈಯಲ್ಲೂ ಇರಲಿ. ಹಳೆಯ ಅಳತೆ ಸರಪಳಿ, ಆಣೆಯಲ್ಲಿರುತ್ತದೆ: ಒಂದು ಸರಪಳಿಗೆ 33 ಅಡಿ, ಒಂದು ಸರಪಳಿಗೆ 16 ಆಣೆ. ‘3 ಸರಪಳಿ 8 ಆಣೆ’ ಎಂದರೆ 115 ಅಡಿ 6 ಇಂಚು. ಒಂದೊಂದು ಸರಪಳಿ ಉದ್ದ ಅಗಲದ ಚೌಕವೇ ಒಂದು ಗುಂಟೆ, 1,089 ಚದರ ಅಡಿ. ಅಳತೆ ಎಲ್ಲಿಂದ ಶುರುವಾಗುತ್ತಿದೆ ಎಂಬುದನ್ನು ಕಣ್ಣಿಟ್ಟು ನೋಡಿ. ಅಲುಗದೆ ಉಳಿದ ಹಳೆಯ ಬಾಂದು ಕಲ್ಲು (ಸರ್ವೆಯ ಗಡಿಕಲ್ಲು) ಅಥವಾ ಮೂರು ಊರಿನ ಗಡಿ ಕೂಡುವ ಕಲ್ಲಿನಿಂದ ಹಿಡಿದರೆ ನಂಬಬಹುದು. ಬೇಲಿಯಿಂದಲೋ ಮರದಿಂದಲೋ ಹಿಡಿಯುತ್ತಿದ್ದರೆ ಅಲ್ಲೇ ಕೇಳಿ. ಕಲ್ಲು, ಆಳು ಒದಗಿಸುವುದು ನಿಮ್ಮ ಪಾಲಿನ ಕೆಲಸ. ಕಲ್ಲು ನೆಟ್ಟ ಕೂಡಲೇ ಫೋಟೊ ತೆಗೆಯಿರಿ.

ಅಳತೆಯಾದ ಮೇಲೆ ಸ್ಥಳದಲ್ಲಿ ಬರೆಯುವ ಪಂಚನಾಮೆಗೆ ಓದದೆ ಸಹಿ ಹಾಕಬೇಡಿ. ಅಳತೆ ಒಪ್ಪಿಗೆಯಾಗದಿದ್ದರೆ ಅದನ್ನು ಅದರಲ್ಲೇ ಬರೆಸಿ, ಭೂದಾಖಲೆಗಳ ಸಹಾಯಕ ನಿರ್ದೇಶಕರ ಕಚೇರಿಗೆ ತಕರಾರು ಸಲ್ಲಿಸಿ. ಭೂಮಾಪಕರು ಒತ್ತುವರಿಯನ್ನು ತೋರಿಸುತ್ತಾರೆಯೇ ಹೊರತು ತೆರವು ಮಾಡಿಸುವುದಿಲ್ಲ. ಪಕ್ಕದವರು ಒಪ್ಪದಿದ್ದರೆ ಆ ನಕ್ಷೆ ಹಿಡಿದು ಸಿವಿಲ್ ಕೋರ್ಟಿಗೇ ಹೋಗಬೇಕು. ನೆಟ್ಟ ಕಲ್ಲನ್ನು ಯಾರಾದರೂ ಕಿತ್ತರೆ ಮಾತ್ರ ಸುಮ್ಮನಿರಬೇಡಿ. ಭೂಕಂದಾಯ ಕಾಯ್ದೆಯಡಿ ಅದು ದಂಡಾರ್ಹ. ಫೋಟೊ ಮತ್ತು ನಕ್ಷೆ ಲಗತ್ತಿಸಿ ತಹಶೀಲ್ದಾರರಿಗೆ ಲಿಖಿತ ದೂರು ಕೊಡಿ.