ಕೆರೆಯೋ, ಕೇರೆಯೋ: ಇಲ್ಲದ ಲೋಕಕ್ಕೆ ಓಲೆಗ್ರಂಥ ಬರೆದದ್ದು

ನಾನು ಬೋರ್ಡ್ ಬರೆಯುವವನು. ಒಂದು ಕಾಲಕ್ಕೆ ಬಾಗಲಕೋಟೆಯಲ್ಲಿ ಕಿರಾಣಿ ಅಂಗಡಿಯಿಂದ ಟ್ರ್ಯಾಕ್ಟರ್ ಟ್ರೇಲರ್‌ವರೆಗೆ ಎಲ್ಲೆಲ್ಲೂ ನನ್ನ ಅಕ್ಷರ ಇದ್ದವು. ಫ್ಲೆಕ್ಸ್ ಬಂದ ಮೇಲೆ ಕೈ ಖಾಲಿ. ಹಾಗಾಗಿ ಬೇಸಿಗೆ ಶಿಬಿರದ ಮಕ್ಕಳ ನಾಟಕಕ್ಕೆ ಒಂದು ಪುರಾತನ ಗ್ರಂಥ ಮಾಡಿಕೊಡು ಎಂದು ಗೆಳೆಯ ಕೇಳಿದಾಗ ಒಪ್ಪಿಕೊಂಡೆ.

ನಾಟಕದ ಲೋಕ ಪೂರ್ತಿ ಕಲ್ಪನೆಯದು. ಅಲ್ಲಿ ನೆಲವೆಲ್ಲ ನೀರಿನ ಸ್ವತ್ತು. ಮನುಷ್ಯರಿಗೆ ಸಾಲ ಕೊಟ್ಟಿದೆ, ಆಗಾಗ ವಸೂಲಿಗೆ ಬರುತ್ತದೆ. ಈ ಕಥೆ ಎಲ್ಲಿಂದ ಹುಟ್ಟಿತು ಎಂದು ನಮ್ಮೂರಿನವರಿಗೆ ಬಿಡಿಸಿ ಹೇಳಬೇಕಿಲ್ಲ. ಆಲಮಟ್ಟಿ ಹಿನ್ನೀರು ಹಳೇ ಊರಿನ ಓಣಿಗಳನ್ನು ತಗೊಂಡಿತು, ನಾವು ನವನಗರದ ಸೆಕ್ಟರ್‌ಗಳಿಗೆ ಬಂದೆವು. ಅಣೆಕಟ್ಟಿನ ನೀರಿನ ಮಟ್ಟದ 519.60 ಮೀಟರ್ ಎನ್ನುವ ಅಂಕಿ ಇಲ್ಲಿ ಎಷ್ಟೋ ಮಂದಿಗೆ ಬಾಯಿಪಾಠ.

ಮೊದಲ ಸಲ ಸೋಮಾರಿತನ ಮಾಡಿದೆ. ಡ್ರಾಯಿಂಗ್ ಹಾಳೆಗೆ ಚಹಾದ ನೀರು ಬಳಿದು, ಅಂಚು ಸುಟ್ಟು, ದಪ್ಪ ಅಕ್ಷರದಲ್ಲಿ ಸೃಷ್ಟಿಯ ಕಥೆ ಬರೆದೆ. ಮಗಳು ನೋಡಿ, 'ಲಗ್ನಪತ್ರಿಕೆ ಇದ್ದಂಗ ಐತಿ' ಅಂದಳು. ಮಾತು ಸುಳ್ಳಾಗಿರಲಿಲ್ಲ.

ಆಮೇಲೆ ಓಲೆಯನ್ನೇ ಹಿಡಿದೆ. ಕುಂದಾಪುರದ ಕಡೆಯ ಪರಿಚಯದವರೊಬ್ಬರು ತಾಳೆಗರಿ ತಂದುಕೊಟ್ಟರು. ನಡುವಿನ ಕಡ್ಡಿ ತೆಗೆದು ಒಂದೇ ಅಳತೆಗೆ ಕತ್ತರಿಸಿದೆ. ಅರಿಶಿನ ಹಾಕಿದ ನೀರಲ್ಲಿ ಕುದಿಸಿ, ನೆರಳಲ್ಲಿ ಒಣಗಿಸಿ, ನುಣುಪು ಕಲ್ಲಿನಿಂದ ತಿಕ್ಕಿದೆ. ಪಾತ್ರೆ ಹಳದಿಯಾಗಿದ್ದಕ್ಕೆ ಮನೆಯಲ್ಲಿ ಆದ ಮಾತುಕತೆ ಇಲ್ಲಿ ಬೇಡ. ಬರೆಯುವ ಕಂಟಕ್ಕೆ ಚೀಲ ಹೊಲಿಯುವ ದಬ್ಬಣವನ್ನು ಮರದ ಹಿಡಿಗೆ ಕೂರಿಸಿ, ಮೊನೆ ಸ್ವಲ್ಪ ಮೊಂಡು ಮಾಡಿಕೊಂಡೆ.

ಆ ಲೋಕಕ್ಕೇ ಬೇರೆ ಲಿಪಿ ಇರಲಿ ಎಂದು ಗೆರೆ ಗೆರೆಯ ಅಕ್ಷರ ಮಾಡಿದ್ದೆ. ಮೊದಲನೇ ಓಲೆಯಲ್ಲೇ ಬುದ್ಧಿ ಬಂತು. ಅಡ್ಡಗೆರೆ ಎಳೆದರೆ ನಾರಿನ ಗುಂಟ ಚರ್ ಅಂತ ಸೀಳುತ್ತದೆ. ಮೂರು ಓಲೆ ಹಾಳಾದವು. ದುಂಡಗೆ ತಿರುಗಿಸಿದರೆ ಮಾತ್ರ ಓಲೆ ಸುಮ್ನಿರುತ್ತದೆ. ತಿದ್ದುತ್ತಾ ತಿದ್ದುತ್ತಾ ನನ್ನ ಹೊಸ ಲಿಪಿ ಕನ್ನಡದ ತಮ್ಮನ ಹಾಗೆ ಆಯಿತು. ಕೊನೆಗೆ ಭಾಷೆಯೂ ಕನ್ನಡವೇ ಇರಲಿ, ಪದಗಳ ನಡುವೆ ಜಾಗ ಬಿಡದೆ ಬರೆದರಾಯಿತು ಅಂದುಕೊಂಡೆ. ಬ್ರಷ್ ಹಿಡಿದ ಕೈಗೆ ಇನ್ನೊಂದು ಕಷ್ಟ: ಇಲ್ಲಿ ಬಲಗೈ ಓಡುವುದಿಲ್ಲ. ಎಡಗೈ ಹೆಬ್ಬೆರಳು ಕಂಟವನ್ನು ಒತ್ತಿ ಹಿಡಿಯುತ್ತದೆ, ಓಲೆ ಸರಿಯುತ್ತದೆ.

ಬರೆದಾಗ ಏನೂ ಕಾಣುವುದಿಲ್ಲ. ಬೆಳಕಿಗೆ ಹಿಡಿದರೆ ಸಣ್ಣ ಗೀರು, ಅಷ್ಟೇ. ಔಡಲೆಣ್ಣೆ ದೀಪದ ಮೇಲೆ ತಟ್ಟೆ ಬೋರಲು ಹಾಕಿ ಕಾಡಿಗೆ ಹಿಡಿದೆ. ಎಣ್ಣೆಯಲ್ಲಿ ಕಲಸಿ ಓಲೆಗೆ ಬಳಿದೆ. ಓಲೆಯೆಲ್ಲ ಮಸಿ, ಕೆಲಸ ಕೆಟ್ಟಿತು ಅನಿಸಿತು. ಬಟ್ಟೆಯಿಂದ ಒಂದು ಸಲ ಒರೆಸಿದೆ. ಮಸಿ ಗೀರುಗಳಲ್ಲಿ ಮಾತ್ರ ಉಳಿದು, ಸಾಲುಗಳು ಒಂದೊಂದಾಗಿ ಎದ್ದು ಬಂದವು. ಮೂವತ್ತು ವರ್ಷ ಅಕ್ಷರ ಬರೆದಿದ್ದೇನೆ, ಹೀಗೆ ಬೆಚ್ಚಿದ್ದಿಲ್ಲ.

ಇನ್ನು ಒಳಗಿನ ಕಥೆ. ಕಾಲ ಎಣಿಸುವುದನ್ನು ಐಹೊಳೆಯಿಂದ ಕಲಿತೆ. ಮೇಗುತಿ ಗುಡಿಯಲ್ಲಿ ರವಿಕೀರ್ತಿಯ ಶಾಸನ ಇದೆ, ಕ್ರಿ.ಶ. 634ರದು. ಭಾಷೆ ಸಂಸ್ಕೃತ, ಅಕ್ಷರ ಹಳೆಗನ್ನಡದವು. ಅದರಲ್ಲಿ ಶಕವರ್ಷ 556 ಎಂದು ಹೇಳುವುದರ ಜೊತೆಗೆ ಭಾರತ ಯುದ್ಧವಾಗಿ 3735 ವರ್ಷ ಎಂದೂ ಲೆಕ್ಕ ಇದೆ. ಪುರಾಣ, ಇತಿಹಾಸ ಎರಡೂ ಒಂದೇ ಖಾತೆಯಲ್ಲಿ! ನಾನೂ 'ನೀರು ಮೊದಲ ಕಂತು ಕೇಳಿದ 412ನೆಯ ವರ್ಷ' ಎಂದು ಬರೆದೆ. ಆ ಒಂದು ಸಾಲು ನನ್ನ ಸೃಷ್ಟಿಕಥೆಗಿಂತ ಜಾಸ್ತಿ ಕೆಲಸ ಮಾಡಿತು.

ಗ್ರಂಥಕ್ಕೆ ಒಂದು ಜಗಳವೂ ಬೇಕಿತ್ತು. ಹಳೆಯ ಓಲೆಗಳಲ್ಲಿ ಎ-ಏ, ಒ-ಓ ಬೇರೆ ಮಾಡಿ ತೋರಿಸುವ ರೂಢಿ ಸಾಮಾನ್ಯವಾಗಿ ಇರಲಿಲ್ಲ. ಹಾಗಾದರೆ 'ಕೆರೆ ಊರು ನುಂಗಿತು' ಎಂದು ಬರೆದದ್ದನ್ನು 'ಕೇರೆ ಊರು ನುಂಗಿತು' ಎಂದೂ ಓದಬಹುದಲ್ವಾ? ಆ ಲೋಕದ ಅರ್ಧ ಜನ ಕೆರೆಗೆ ಪೂಜೆ ಮಾಡುತ್ತಾರೆ, ಇನ್ನರ್ಧ ಕೇರೆಹಾವಿಗೆ. ನನ್ನ ಬುದ್ಧಿಗೆ ನಾನೇ ಬೆನ್ನು ತಟ್ಟಿಕೊಂಡೆ.

ಓಣಿಯಲ್ಲಿರುವ ನಿವೃತ್ತ ಕನ್ನಡ ಮಾಸ್ತರರಿಗೆ ತೋರಿಸಿದೆ. ಕನ್ನಡಕ ಏರಿಸಿ ಓದಿದರು.

'ಅಲ್ಲೋ ತಮ್ಮಾ, ಹಳಗನ್ನಡದಾಗ ಕೆರೆಗೆ ಶಕಟರೇಫ, ಅಂದ್ರ ಹಳೇ ಗಡಸು ರ, ಇರತೈತಿ. ಕೆಱೆ. ಹಾವಿಗೆ ಬರೇ ರ. ಓದಾವಗ ಗೊಂದಲ ಹೆಂಗ ಆಗತೈತಿ?'

ಎರಡು ದಿನ ದಬ್ಬಣ ಮುಟ್ಟಲಿಲ್ಲ. ಆಮೇಲೆ ಹೊಳೆಯಿತು: ಇದು ಮೂಲ ಗ್ರಂಥವೇ ಅಲ್ಲ, ಪ್ರತಿಯ ಪ್ರತಿ. ಮೊದಲು ಬರೆದವನು ಸರಿಯಾಗಿ ಕೆಱೆ ಎಂದೇ ಬರೆದಿದ್ದ. ನೂರಾರು ವರ್ಷದ ಮೇಲೆ ಅದನ್ನು ನಕಲು ಮಾಡಿದವನ ಬಾಯಲ್ಲಿ ಱ ಸತ್ತು ಹೋಗಿತ್ತು, ಕೈ ತಾನಾಗಿ ರ ಬರೆಯಿತು. ಒಂದು ಅಕ್ಷರ ಹೋಗಿ ಎರಡು ಪಂಥ ಹುಟ್ಟಿದವು. ಅಲ್ಲಿಂದ ನಾನು ಪುರಾಣ ಬರೆಯುವುದು ಬಿಟ್ಟು ಆ ನಕಲುಗಾರನನ್ನು ಬರೆಯತೊಡಗಿದೆ. ನಿದ್ದೆಗಣ್ಣಲ್ಲಿ ಒಂದು ಸಾಲನ್ನು ಎರಡು ಸಲ ಬರೆಯುತ್ತಾನೆ. ಕೊನೆಯ ಓಲೆಯಲ್ಲಿ, ಸೊಂಟ ನೋಯುತ್ತಿದೆ, ತಪ್ಪಿದ್ದರೆ ತಿದ್ದಿಕೊಳ್ಳಿ ಎನ್ನುತ್ತಾನೆ. ಹನ್ನೆರಡು ಓಲೆಗೆ ತೂತು ಹಾಕಿ, ದಾರ ಪೋಣಿಸಿ, ಎರಡು ಮರದ ಪಟ್ಟಿಯ ನಡುವೆ ಕಟ್ಟಿದೆ. ಏಳನೆಯದನ್ನು ಬೇಕೆಂತಲೇ ತೆಗೆದಿಟ್ಟೆ.

ತಾಲೀಮಿನಲ್ಲೇ ಮಕ್ಕಳು ಕೆರೆಯವರು, ಕೇರೆಯವರು ಎಂದು ಎರಡು ಗುಂಪಾದರು.

ನಾಟಕ ಮುಗಿದ ಮೇಲೆ ಮಾಸ್ತರರು ಗ್ರಂಥ ಕೈಗೆ ತೆಗೆದುಕೊಂಡು ಮತ್ತೆ ಓದಿದರು. ನಾಲ್ಕನೇ ಓಲೆಗೆ ಬೆರಳು ನಿಂತಿತು. 'ಮಳೆಗೆ ಹಳಗನ್ನಡದ ಇನ್ನೊಂದು ಳ, ೞ ಹಾಕೀದಿ, ಛಲೋ ಆತು. ಒಳಗೆ ಅನ್ನೂದಕ್ಕೂ ೞ ಯಾಕ? ಅಲ್ಲಿ ಬರೇ ಳ.'

ಅದೂ ಆ ನಕಲುಗಾರನದೇ ತಪ್ಪು ಸರ್ ಅಂದೆ. ಅವರು ನಂಬಲಿಲ್ಲ.