ನಾಯಿಯನ್ನು ಮೊದಲ ಸಲ ಬೋರ್ಡಿಂಗಿನಲ್ಲಿ ಬಿಡುವ ಮುನ್ನ

ಕಾರವಾರದ ನಮ್ಮ ಮನೆಯ ಕೆಂಚ ಅಂಗಳದಲ್ಲೇ ಬೆಳೆದವನು. ಬಾಗಿಲು ಹಾಕಿದ ಕೋಣೆ ಅವನಿಗೆ ಗೊತ್ತೇ ಇರಲಿಲ್ಲ. ಒಂದು ಮದುವೆಗೆಂದು ನಾಲ್ಕು ದಿನ ಬೋರ್ಡಿಂಗಿನಲ್ಲಿ, ಅಂದರೆ ದುಡ್ಡು ಕೊಟ್ಟರೆ ನಾಯಿ ನೋಡಿಕೊಳ್ಳುವ ಜಾಗದಲ್ಲಿ, ಬಿಟ್ಟು ಹೋದೆವು. ಎರಡು ದಿನ ಅನ್ನ ಮುಟ್ಟಲಿಲ್ಲವಂತೆ. ಕರೆತರಲು ಹೋದಾಗ ಗೇಟಿನ ಕಡೆ ಮುಖ ಮಾಡಿ ಮಲಗಿದ್ದ. ಸರಳಿಗೆ ಉಜ್ಜಿ ಉಜ್ಜಿ ಮೂಗಿನ ತುದಿಯ ಚರ್ಮ ಎದ್ದಿತ್ತು. ನೋಡಿಕೊಂಡವರ ತಪ್ಪೇನಿಲ್ಲ. ಅವನಿಗೆ ಅಭ್ಯಾಸ ಮಾಡಿಸದೇ ಬಿಟ್ಟಿದ್ದು ನಾವು.

ನಮ್ಮ ಕಡೆಯ ಹೆಚ್ಚಿನ ನಾಯಿಗಳು ಹೀಗೇ ಅಲ್ವಾ, ಅಂಗಳ, ತೋಟ, ಕಡಲ ದಂಡೆ ಅಂತ ತಿರುಗಾಡಿಕೊಂಡಿರುತ್ತವೆ. ಹಾಗಾಗಿ ಒಂದು ತಿಂಗಳು ಮೊದಲೇ ಶುರು ಮಾಡಿ. ಕೋಣೆಯೊಳಗೆ ಊಟ ಹಾಕಿ ಬಾಗಿಲು ಎಳೆದುಕೊಳ್ಳಿ. ಐದು ನಿಮಿಷ ಬಿಟ್ಟು, ಸುಮ್ಮನಿರುವಾಗಲೇ ತೆಗೆಯಿರಿ. ತುಂಬಾ ಗಾಬರಿಯಾದರೆ ನೀವು ಜಾಸ್ತಿ ಹೊತ್ತು ಬಿಟ್ಟಿದ್ದೀರಿ ಅಂತ ಅರ್ಥ, ನಾಳೆ ಎರಡೇ ನಿಮಿಷ ಸಾಕು. ನಿಧಾನಕ್ಕೆ ಅರ್ಧ ಗಂಟೆ ಆಗಲಿ. ಆಮೇಲೆ ನೆಂಟರ ಮನೆಯಲ್ಲಿ ಅರ್ಧ ದಿನ. ಕೊನೆಗೆ, ನೀವು ಊರಲ್ಲೇ ಇರುವಾಗ, ಬೋರ್ಡಿಂಗಿನಲ್ಲಿ ಒಂದೇ ಒಂದು ರಾತ್ರಿ. ಹೋದವರು ವಾಪಸ್ ಬರುತ್ತಾರೆ ಅನ್ನುವುದು ನಾಯಿಗೆ ಕಲಿತೇ ಗೊತ್ತಾಗಬೇಕು.

ಇದೇ ಹೊತ್ತಿಗೆ ಪಶು ಆಸ್ಪತ್ರೆಗೂ ಹೋಗಿ ಬನ್ನಿ. ರೇಬೀಸ್, ಮತ್ತೆ ನಾಯಿಗಳಿಗೆ ಬರುವ ಪಾರ್ವೊ, ಡಿಸ್ಟೆಂಪರ್ ಕಾಯಿಲೆಗಳ ಲಸಿಕೆ ತಾರೀಕು ನೋಡಿಸಿ. ಮಳೆಗಾಲವಾದರೆ ಇಲಿಜ್ವರದ ಲಸಿಕೆಯನ್ನೂ, ನಾಯಿಗಳು ಒಟ್ಟಿಗೆ ಇರುವ ಜಾಗವಾದ್ದರಿಂದ ಕೆನಲ್ ಕೆಮ್ಮಿನ (ನಾಯಿಯಿಂದ ನಾಯಿಗೆ ಹರಡುವ ಕೆಮ್ಮು) ಲಸಿಕೆಯನ್ನೂ ಕೇಳಿ. ಹೊರಡುವ ಹಿಂದಿನ ದಿನ ಇಂಜೆಕ್ಷನ್ ಹಾಕಿಸಿ ಪ್ರಯೋಜನವಿಲ್ಲ, ಎರಡು ವಾರವಾದರೂ ಮುಂಚೆ ಆಗಿರಬೇಕು. ಉಣುಗಿಗೆ ಔಷಧಿಯನ್ನು ಮರೆಯಬೇಡಿ.

ಜಾಗ ನೋಡಲು ನಾಯಿಯಿಲ್ಲದೆ ಹೋಗಿ. ಮಳೆ ಬಿದ್ದ ದಿನ ಹೋದರೆ ಇನ್ನೂ ಒಳ್ಳೆಯದು, ನೆಲ ಒಣಗಿದೆಯಾ, ನೀರು ನಿಲ್ಲುತ್ತದಾ ಗೊತ್ತಾಗುತ್ತದೆ. ರಾತ್ರಿ ಅಲ್ಲಿ ಯಾರು ಮಲಗುತ್ತಾರೆ ಅಂತ ಕೇಳಿ. ನನ್ನ ಮಟ್ಟಿಗೆ ಎಲ್ಲಕ್ಕಿಂತ ದೊಡ್ಡ ಪ್ರಶ್ನೆ ಅದೇ.

ಅನ್ನ, ಮೀನು ತಿಂದು ಬೆಳೆದ ನಾಯಿಗೆ ಒಮ್ಮೆಲೇ ಪ್ಯಾಕೆಟ್ ಊಟ ಹಾಕಿದರೆ ಹೊಟ್ಟೆ ಕೆಡುತ್ತದೆ. ಅಲ್ಲಿ ಅದನ್ನೇ ಕೊಡುವುದಾದರೆ ಒಂದು ವಾರ ಮೊದಲಿನಿಂದ ಮನೆಯಲ್ಲೇ ಸ್ವಲ್ಪ ಸ್ವಲ್ಪ ಬೆರೆಸುತ್ತಾ ಬನ್ನಿ. ಜೊತೆಗೆ ಅದು ಮಲಗುವ ಹಳೇ ಚಾದರ ಕೊಡಿ. ಒಗೆಯಬೇಡಿ, ಮನೆಯ ವಾಸನೆ ಅದರಲ್ಲೇ ಇರುವುದು.

ಒಂದು ಚೀಟಿ ಬರೆಯಿರಿ. ಊಟದ ಹೊತ್ತು, ಮಾತ್ರೆ, ಗುಡುಗು ಪಟಾಕಿಗೆ ಹೆದರುತ್ತದಾ, ಎಲ್ಲವೂ ಇರಲಿ. ಯಾವ ಮಾತಿಗೆ ಬರುತ್ತದೆ ಅನ್ನುವುದನ್ನೂ ಬರೆಯಿರಿ. ನಮ್ಮ ಕೆಂಚನಿಗೆ ಕೊಂಕಣಿಯಲ್ಲಿ ‘ಯೋ’ ಅಂದರೆ ಮಾತ್ರ ಕಿವಿ ನೆಟ್ಟಗಾಗುತ್ತದೆ. ‘ಬಾ’ ಅಂದರೆ ಸುಮ್ನೆ ನೋಡುತ್ತಾನೆ.

ಶಿರಸಿಯಿಂದ ದೇವಿಮನೆ ಘಟ್ಟ ಇಳಿದು ಬರುವವರು ಹೊರಡುವ ಮೂರ್ನಾಲ್ಕು ಗಂಟೆ ಮೊದಲು ಊಟ ಹಾಕಬೇಡಿ. ಆ ತಿರುವುಗಳಲ್ಲಿ ಖಂಡಿತ ವಾಂತಿ ಮಾಡುವ ನಾಯಿಗಳಿವೆ. ಬಿಡುವಾಗ ಅಪ್ಪಿಕೊಂಡು ಅಳುತ್ತಾ ನಿಲ್ಲಬೇಡಿ. ಹಗ್ಗ ಕೈಗೆ ಕೊಟ್ಟು, ಒಮ್ಮೆ ತಲೆ ಸವರಿ, ಹೊರಟುಬಿಡಿ.

ಮನೆಗೆ ಬಂದ ಮೇಲೆ ಒಂದೆರಡು ದಿನ ಬರೀ ಮಲಗಿರಬಹುದು, ಮಲ ಸ್ವಲ್ಪ ತೆಳ್ಳಗಾಗಬಹುದು. ರಕ್ತ ಕಂಡರೆ, ವಾಂತಿ ನಿಲ್ಲದಿದ್ದರೆ ಕಾಯಬೇಡಿ, ಡಾಕ್ಟರ ಹತ್ತಿರ ಒಯ್ಯಿರಿ. ಬಂದ ದಿನವೇ ಕಿವಿಯೊಳಗೆ, ಕಾಲ್ಬೆರಳ ಸಂದಿಯಲ್ಲಿ ಬೆರಳಾಡಿಸಿ ನೋಡಿ. ಉಣುಗು ಅಡಗಿ ಕೂರುವುದು ಅಲ್ಲೇ.